ಕಂಡದ್ದೆಷ್ಟು, ಅಂದುಕೊಂಡದ್ದೆಷ್ಟು?

ಮೈಸೂರಿನ ಜಗನ್ಮೋಹನ ಅರಮನೆಯ ಚಿತ್ರಶಾಲೆಯಲ್ಲಿ ದೀಪ ಹಿಡಿದ ಹೆಂಗಸಿನ ಚಿತ್ರವೊಂದಿದೆ. ಅದರ ಮುಂದೆ ನಿಂತ ಹಲವರ ಬಾಯಿಂದ ಮೊದಲು ಬರುವ ಮಾತು ‘ಓ, ರವಿವರ್ಮಂದು’. ಚಿತ್ರ ರವಿವರ್ಮನದಲ್ಲ, ಎಸ್.ಎಲ್. ಹಲ್ದಂಕರ್ ಅವರದು. ತೈಲವರ್ಣವೂ ಅಲ್ಲ, ಕಾಗದದ ಮೇಲೆ ಬರೆದ ಜಲವರ್ಣ. ರವಿವರ್ಮ ತೀರಿಕೊಂಡದ್ದು 1906ರಲ್ಲಿ. ಹಲ್ದಂಕರ್ ತಮ್ಮ ಮಗಳನ್ನೇ ನಿಲ್ಲಿಸಿ ಈ ಚಿತ್ರ ಬರೆದದ್ದು 1940ರ ದಶಕದಲ್ಲಿ.

ಹೆಸರು ಸಿಕ್ಕಿದೊಡನೆ ಕಣ್ಣು ಕೆಲಸ ನಿಲ್ಲಿಸುತ್ತದೆ. ಜ್ವಾಲೆಗೆ ಅಡ್ಡ ಹಿಡಿದ ಕೈಯ ಬೆರಳುಗಳಲ್ಲಿ ಬೆಳಕು ಹೇಗೆ ತೂರಿ ಬಂದಿದೆ ಎಂದು ನೋಡುವ ಮೊದಲೇ ಜನ ಮುಂದಿನ ಚಿತ್ರಕ್ಕೆ ಸಾಗುತ್ತಾರೆ. ಸೋಮವಾರ ಇದೇ ಕಣ್ಣು ಕೆಲಸಕ್ಕೆ ಹೋಗುತ್ತದೆ. ‘ಈ ಹುಡುಗ ಸೋಮಾರಿ’, ‘ಆ ರೋಗಿ ಹಟಮಾರಿ’, ‘ಈ ಸಾಲ ವಾಪಸ್ ಬರೋದಿಲ್ಲ’ ಎಂಬ ತೀರ್ಮಾನಗಳು ಅಲ್ಲಿಯೂ ಅಷ್ಟೇ ಬೇಗ ಹೊರಬೀಳುತ್ತವೆ. ಶಾಲೆಯ ಮುಖ್ಯಸ್ಥರು, ವಾರ್ಡಿನ ಹಿರಿಯ ವೈದ್ಯರು, ಶಾಖೆಯ ಮ್ಯಾನೇಜರು ಕಲೆಯಿಂದ ಕಲಿಯಬಹುದಾದ ಮೊದಲ ಪಾಠ ಇಲ್ಲಿದೆ.

ಕಲಾಕೃತಿಯ ಮುಂದೆ ನಿಲ್ಲಿಸಿ ನೋಡುವುದನ್ನು ಕಲಿಸುವ ಕಮ್ಮಟಗಳ ಹಿನ್ನೆಲೆ ಇಷ್ಟು. ನ್ಯೂಯಾರ್ಕಿನ ಆಧುನಿಕ ಕಲೆಯ ಮ್ಯೂಸಿಯಂನಲ್ಲಿ ಶಿಕ್ಷಣ ವಿಭಾಗ ನೋಡಿಕೊಳ್ಳುತ್ತಿದ್ದ ಫಿಲಿಪ್ ಯೆನಾವೈನ್ ಅವರಿಗೆ, ತಾವು ಕೊಡುತ್ತಿದ್ದ ಪಾಠಗಳು ನೋಡುಗರ ತಲೆಯಲ್ಲಿ ಉಳಿಯುತ್ತಿಲ್ಲ ಎಂದು ತಿಳಿದದ್ದು ಮನೋವಿಜ್ಞಾನಿ ಅಬಿಗೇಲ್ ಹೌಸನ್ ಅವರ ಅಧ್ಯಯನದಿಂದ. ಇಬ್ಬರೂ ಸೇರಿ ಪಾಠ ಬಿಟ್ಟು ಪ್ರಶ್ನೆ ಕೇಳುವ ವಿಧಾನ ಕಟ್ಟಿದರು. ಯೇಲ್ ವಿಶ್ವವಿದ್ಯಾಲಯದ ಚರ್ಮರೋಗ ತಜ್ಞ ಇರ್ವಿನ್ ಬ್ರೇವರ್‌ಮನ್ ಮತ್ತು ಅಲ್ಲಿನ ಬ್ರಿಟಿಷ್ ಕಲಾ ಕೇಂದ್ರದ ಲಿಂಡಾ ಫ್ರೀಡ್‌ಲ್ಯಾಂಡರ್, ವೈದ್ಯ ವಿದ್ಯಾರ್ಥಿಗಳನ್ನು ಹಳೆಯ ಚಿತ್ರಗಳ ಮುಂದೆ ನಿಲ್ಲಿಸಿ ಕಂಡದ್ದನ್ನು ವರ್ಣಿಸಲು ಹಚ್ಚಿದರು. ಅದರ ಫಲಿತಾಂಶ 2001ರಲ್ಲಿ ಪ್ರಕಟವಾಯಿತು. ಹಾರ್ವರ್ಡ್‌ನಲ್ಲಿ ಇಂಥದೇ ಕೋರ್ಸ್ ಮುಗಿಸಿದ ವಿದ್ಯಾರ್ಥಿಗಳು ಗುರುತಿಸಿದ ಅಂಶಗಳು ಮೊದಲಿಗಿಂತ ಶೇ 38ರಷ್ಟು ಹೆಚ್ಚಾದವೆಂದು 2008ರ ವರದಿ ಹೇಳಿತು. ಏರಿದ್ದು ಗಮನಿಸುವ ಶಕ್ತಿ, ನಾಯಕತ್ವವಲ್ಲ. ಒಂದು ಬೆಳಗಿನಲ್ಲಿ ನಾಯಕರನ್ನು ತಯಾರು ಮಾಡಿಕೊಡುತ್ತೇವೆ ಎನ್ನುವ ತರಬೇತಿದಾರರನ್ನು ನಂಬಬಾರದು.

ರೆಸಾರ್ಟಿಗೆ ಕರೆದುಕೊಂಡು ಹೋಗಿ, ಎಲ್ಲರ ಕೈಗೂ ಬ್ರಷ್ ಕೊಟ್ಟು, ಸಂಜೆ ಗ್ರೂಪ್ ಫೋಟೊ ತೆಗೆಯುವುದೂ ಇಂಥ ಕಮ್ಮಟವಲ್ಲ. ಅದು ಮನಸ್ಸಿಗೆ ಹಿತ ಕೊಡಬಹುದು. ಆದರೆ ಅಲ್ಲಿ ಯಾರ ತೀರ್ಮಾನವೂ ಪರೀಕ್ಷೆಗೆ ಒಳಗಾಗುವುದಿಲ್ಲ.

ಕಮ್ಮಟ ನಡೆಸುವ ಕ್ರಮ ಹೀಗೆ. ಮೊದಲು ಎಂಟರಿಂದ ಹನ್ನೆರಡು ಜನರ ಗುಂಪು. ಒಂದೇ ದರ್ಜೆಯವರನ್ನು ಸೇರಿಸಬಾರದು. ಅಧಿಕಾರಿಗಳ ಜೊತೆ ಗುಮಾಸ್ತರು, ಚಾಲಕರು, ಆಸ್ಪತ್ರೆಯಾದರೆ ಆಯಾಗಳೂ ಇರಲಿ. ದಿನವಿಡೀ ಬಾಗಿಲ ಬಳಿ ನಿಂತು ಬಂದವರ ಮುಖ ನೋಡುವವರ ಕಣ್ಣು ಬಹಳ ಸಲ ಕ್ಯಾಬಿನ್ನಿನೊಳಗೆ ಕೂತವರ ಕಣ್ಣಿಗಿಂತ ಚುರುಕಾಗಿರುತ್ತದೆ.

ಎರಡನೆಯದು ನೋಡಲು ಒಂದು ಕೃತಿ. ಅದರಲ್ಲಿ ಮನುಷ್ಯರೋ ಪ್ರಾಣಿಗಳೋ ಇರಬೇಕು, ಏನೋ ಒಂದು ನಡೆಯುತ್ತಿರಬೇಕು. ಅಮೂರ್ತ ಚಿತ್ರಗಳು ಮೊದಲ ಸಲಕ್ಕೆ ಬೇಡ; ಪೂಜಿಸುವ ದೇವರ ಪಟವೂ ರಾಜಕೀಯ ನಾಯಕರ ಚಿತ್ರವೂ ಬೇಡ, ಮಾತು ಬೇರೆ ಕಡೆಗೆ ಹೋಗುತ್ತದೆ. ಬೆಂಗಳೂರಿನವರಿಗೆ ಕಸ್ತೂರಬಾ ರಸ್ತೆಯ ವೆಂಕಟಪ್ಪ ಚಿತ್ರಶಾಲೆ, ಅರಮನೆ ರಸ್ತೆಯ ರಾಷ್ಟ್ರೀಯ ಆಧುನಿಕ ಕಲಾ ಸಂಗ್ರಹಾಲಯ ಇವೆ. ಜಿಲ್ಲೆಗಳಲ್ಲಿರುವವರು ಗ್ಯಾಲರಿ ಇಲ್ಲವೆಂದು ಕೊರಗಬೇಕಿಲ್ಲ, ಹತ್ತಿರದ ಊರಿನಲ್ಲಿ ಒಂದು ವೀರಗಲ್ಲು ಇದ್ದೇ ಇರುತ್ತದೆ.

ಈ ಕೆಲಸಕ್ಕೆ ವೀರಗಲ್ಲಿನಷ್ಟು ಒದಗುವ ವಸ್ತು ಇನ್ನೊಂದಿಲ್ಲ. ಸಾಮಾನ್ಯವಾಗಿ ಅದನ್ನು ಕೆಳಗಿನಿಂದ ಮೇಲಕ್ಕೆ ಓದಬೇಕು: ಕೆಳಗೆ ಕಾಳಗ, ನಡುವೆ ವೀರನನ್ನು ಒಯ್ಯುವ ಅಪ್ಸರೆಯರು, ಮೇಲೆ ಲಿಂಗದ ಸನ್ನಿಧಿ. ಗೊತ್ತಿಲ್ಲದವರು ಮೇಲಿನಿಂದ ಓದಲು ಹೊರಟು ಕಥೆಯನ್ನು ತಿರುಗಾಮುರುಗಾ ಮಾಡುತ್ತಾರೆ. ತಾವು ಎಲ್ಲಿಂದ ಶುರು ಮಾಡಿದೆವು ಎಂಬುದೇ ತೀರ್ಮಾನವನ್ನು ಬದಲಿಸುತ್ತದೆಂದು ಅವರಿಗೆ ಕಲ್ಲಿನ ಮುಂದೆಯೇ ತಿಳಿಯುತ್ತದೆ. ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯಕ್ಕೆ ಸೇರಿದ ಆತಕೂರಿನ ಕಲ್ಲು ಇನ್ನೂ ವಿಶೇಷ. ಕ್ರಿ.ಶ. 949-50ರ ಕಾಲದ ಆ ಕಲ್ಲಿನ ಮೇಲೆ ಕಾಡುಹಂದಿಯೊಂದಿಗೆ ಸೆಣಸುತ್ತಿರುವ ನಾಯಿಯಿದೆ; ಕಾಳಿ ಎಂಬ ಆ ನಾಯಿಯ ನೆನಪಿಗೇ ಅದನ್ನು ನೆಟ್ಟದ್ದು. ‘ಬೇಟೆ’ ಎಂದು ಯಾರಾದರೂ ಕೂಡಲೇ ಹೇಳಿಬಿಟ್ಟರೆ ಕೇಳಬೇಕು: ಬೇಟೆಗಾರ ಎಲ್ಲಿದ್ದಾನೆ?

ಮೂರನೆಯದು ಮೌನ. ಕೃತಿಯ ಪಕ್ಕದ ಫಲಕವನ್ನು ಕಾಗದ ಹಿಡಿದು ಮರೆಮಾಡಿ, ಫೋನುಗಳನ್ನು ಬ್ಯಾಗಿಗೆ ಹಾಕಿಸಿ, ಗಡಿಯಾರ ನೋಡಿ ಐದು ನಿಮಿಷ ಸುಮ್ಮನೆ ನಿಲ್ಲಬೇಕು. ಎರಡನೇ ನಿಮಿಷಕ್ಕೆ ಜನ ಚಡಪಡಿಸುತ್ತಾರೆ. ನಾಲ್ಕನೆಯದರಲ್ಲಿ ಹೊಸದೇನೋ ಕಣ್ಣಿಗೆ ಬೀಳುತ್ತದೆ. ಅದಕ್ಕಾಗಿಯೇ ಮೂರಕ್ಕೆ ನಿಲ್ಲಿಸಬಾರದು.

ಆಮೇಲೆ ಹೌಸನ್ ಮತ್ತು ಯೆನಾವೈನ್ ಅವರ ಮೂರು ಪ್ರಶ್ನೆಗಳು. ‘ಇಲ್ಲಿ ಏನು ನಡೀತಾ ಇದೆ?’ ‘ಹಾಗನ್ನೋದಕ್ಕೆ ಇದರಲ್ಲಿ ಏನು ನೋಡಿದಿರಿ?’ ‘ಇನ್ನೂ ಏನೇನಿದೆ?’ ಎರಡನೆಯದನ್ನು ‘ಯಾಕೆ ಹಾಗಂತೀರಿ?’ ಎಂದು ಬದಲಿಸಬಾರದು. ‘ಯಾಕೆ’ ಎಂದಾಗ ಜನ ತಮ್ಮನ್ನು ಸಮರ್ಥಿಸಿಕೊಳ್ಳಲು ಹೊರಡುತ್ತಾರೆ. ‘ಏನು ನೋಡಿದಿರಿ’ ಎಂದಾಗ ಚಿತ್ರದ ಕಡೆ ತಿರುಗುತ್ತಾರೆ. ನಡೆಸಿಕೊಡುವವರು ಪ್ರತಿ ಉತ್ತರವನ್ನೂ ಬೆರಳಿನಿಂದ ಆ ಜಾಗ ತೋರಿಸುತ್ತ ತಮ್ಮ ಮಾತಿನಲ್ಲಿ ಮತ್ತೆ ಹೇಳಬೇಕು. ‘ಭೇಷ್’ ಬೇಡ, ‘ಉಹೂಂ’ ಕೂಡ ಬೇಡ. ಒಬ್ಬರನ್ನು ಹೊಗಳಿದರೆ ಉಳಿದವರು ಚಿತ್ರ ಬಿಟ್ಟು ನಡೆಸಿಕೊಡುವವರ ಮುಖ ನೋಡತೊಡಗುತ್ತಾರೆ.

ಕನ್ನಡದಲ್ಲಿ ಈ ಅಭ್ಯಾಸ ನಡೆಸುವಾಗ ಒಂದು ವಿಶೇಷ ತೊಡಕಿದೆ. ಈ ಲೇಖನದಲ್ಲಿ ಒಂದೇ ಒಂದು ಮಾತು ನೆನಪಿಟ್ಟುಕೊಳ್ಳುವುದಾದರೆ ಇದನ್ನು ಇಟ್ಟುಕೊಳ್ಳಬೇಕು. ತೊಡಕು ಇರುವುದು ‘ಕಾಣುತ್ತೆ’ ಎಂಬ ಪದದಲ್ಲಿ.

‘ದೀಪ ಕಾಣುತ್ತೆ’ ಎಂದರೆ ಕಣ್ಣಿಗೆ ಬಿದ್ದ ವಿಷಯ. ‘ಅವಳು ಯಾರಿಗೋ ಕಾಯ್ತಿದಾಳೆ ಅಂತ ಕಾಣುತ್ತೆ’ ಎಂದರೆ ಊಹೆ. ಕ್ರಿಯಾಪದ ಅದೇ. ‘ಸಾಹೇಬರು ಇವತ್ತು ಬರಲ್ಲ ಅಂತ ಕಾಣುತ್ತೆ’ ಎನ್ನುವವರು ಏನನ್ನೂ ಕಂಡಿರುವುದಿಲ್ಲ, ಆದರೂ ಮಾತು ಪ್ರತ್ಯಕ್ಷದರ್ಶಿಯ ಮಾತಿನಂತೆ ಕೇಳುತ್ತದೆ. ದಿನಕ್ಕೆ ಹತ್ತಾರು ಸಲ ಆಡುವ ಈ ಮಾತಿನಲ್ಲಿ ಊಹೆ ಬಂದು ಸಾಕ್ಷಿಯ ಜಾಗದಲ್ಲಿ ಕೂತುಬಿಡುತ್ತದೆ. ‘ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು’ ಎಂಬ ಗಾದೆ ಎಲ್ಲರಿಗೂ ಬಾಯಿಪಾಠ. ಕಾಣದೇ ಇದ್ದದ್ದನ್ನು ‘ಕಾಣುತ್ತೆ’ ಎಂದಾಗ ಪ್ರಮಾಣಿಸಲು ಯಾರಿಗೂ ಹೊಳೆಯುವುದಿಲ್ಲ.

ಪರಿಹಾರ ಸರಳ, ಹಟ ಮಾತ್ರ ಬೇಕು. ಕೃತಿಯ ಮುಂದೆ ನಿಂತಷ್ಟು ಹೊತ್ತು ‘ಕಾಣುತ್ತೆ’ ಎಂಬ ಪದವನ್ನೇ ನಿಷೇಧಿಸಬೇಕು. ಪ್ರತಿ ಮಾತೂ ‘ನನ್ನ ಕಣ್ಣಿಗೆ ಬಿದ್ದದ್ದು’ ಎಂದೋ ‘ನನಗೆ ಅನ್ನಿಸಿದ್ದು’ ಎಂದೋ ಶುರುವಾಗಬೇಕು. ದೀಪದ ಹೆಂಗಸಿನ ಚಿತ್ರಕ್ಕೆ ಇದನ್ನು ಹಚ್ಚಿ ನೋಡಬಹುದು. ‘ನನಗೆ ಅನ್ನಿಸಿದ್ದು, ಗಾಳಿ ಬೀಸುತ್ತಿದೆ.’ ಏನು ನೋಡಿದಿರಿ? ‘ನನ್ನ ಕಣ್ಣಿಗೆ ಬಿದ್ದದ್ದು, ಜ್ವಾಲೆಗೆ ಅಡ್ಡವಾಗಿರುವ ಕೈ.’ ಗಾಳಿಗಾಗಿಯೇ ಕೈ ಅಡ್ಡ ಹಿಡಿಯಬೇಕೇ? ಕಣ್ಣಿಗೆ ಹೊಡೆಯುವ ಬೆಳಕನ್ನು ತಡೆಯಲೂ ಹಿಡಿಯಬಹುದಲ್ಲ? ಸೆರಗು ಹಾರುತ್ತಿದೆಯೇ? ಜ್ವಾಲೆ ವಾಲಿದೆಯೇ? ಹೀಗೆ ಒಂದು ಊಹೆಯ ಹಿಂದೆ ನಾಲ್ಕು ಸಲ ಚಿತ್ರಕ್ಕೆ ಮರಳಬೇಕಾಗುತ್ತದೆ. ಊಹೆ ತಪ್ಪೆಂದು ಇದರ ಅರ್ಥವಲ್ಲ. ಊಹೆಯಿಲ್ಲದೆ ವೈದ್ಯರು ಚಿಕಿತ್ಸೆ ಶುರು ಮಾಡಲಾರರು, ಮ್ಯಾನೇಜರು ಸಾಲ ಕೊಡಲಾರರು. ಅದು ಊಹೆ ಎಂದು ತಮಗೆ ಗೊತ್ತಿರಬೇಕು, ಅಷ್ಟೇ. ಗೊತ್ತಿದ್ದವರು ಹೊಸ ಸಾಕ್ಷಿ ಸಿಕ್ಕಾಗ ಊಹೆಯನ್ನು ಕೈಬಿಡುತ್ತಾರೆ. ಗೊತ್ತಿಲ್ಲದವರು ಸಾಕ್ಷಿಯನ್ನೇ ಕೈಬಿಡುತ್ತಾರೆ.

ನ್ಯೂಯಾರ್ಕ್ ಪೊಲೀಸರಿಗೆ ಚಿತ್ರಗಳ ಮೂಲಕ ತರಬೇತಿ ಕೊಟ್ಟ ಏಮಿ ಹರ್ಮನ್ ಅವರೂ ತಮ್ಮ ತರಗತಿಯಲ್ಲಿ ‘ನಿಸ್ಸಂಶಯವಾಗಿ’, ‘ಸ್ಪಷ್ಟವಾಗಿ’ ಎಂಬರ್ಥದ ಇಂಗ್ಲಿಷ್ ಪದಗಳನ್ನು ಬಳಸಲು ಬಿಡುವುದಿಲ್ಲ. ನಮ್ಮ ಪಟ್ಟಿಗೆ ‘ನೋಡಿದ್ರೇ ಗೊತ್ತಾಗುತ್ತೆ’, ‘ಹೇಳೋದೇ ಬೇಡ’ ಎಂಬ ಮಾತುಗಳನ್ನೂ ಸೇರಿಸಬೇಕು.

ಗುಂಪಿನ ಹಿರಿಯರು ಕೊನೆಯಲ್ಲಿ ಮಾತಾಡಬೇಕು. ಸಾಹೇಬರು ‘ಇದು ತಾಯಿಯ ಚಿತ್ರ’ ಎಂದರೆ ಮುಂದಿನ ಹತ್ತೂ ಜನಕ್ಕೆ ತಾಯಿಯೇ ಕಾಣಿಸುತ್ತಾಳೆ. ಅವರು ಸುಮ್ಮನಿದ್ದು, ಉಳಿದವರು ಕಂಡದ್ದನ್ನು ಪುಸ್ತಕದಲ್ಲಿ ಗುರುತು ಹಾಕಿಕೊಳ್ಳಲಿ. ತಮಗೆ ಕಾಣದೇ ಹೋದದ್ದನ್ನು ಬೇರೆಯಾಗಿ ಬರೆದಿಟ್ಟುಕೊಳ್ಳಲಿ. ನಾಯಕತ್ವದ ಮಟ್ಟಿಗೆ ಇಡೀ ಬೆಳಗಿನ ಕಷ್ಟದ ಭಾಗ ಇದೇ. ಇದನ್ನು ಒಪ್ಪದ ಹಿರಿಯರಿದ್ದರೆ ಕಮ್ಮಟವನ್ನೇ ಮುಂದೂಡುವುದು ಮೇಲು. ಒಂದು ಕೃತಿಗೆ ಇಪ್ಪತ್ತು ನಿಮಿಷ ಸಾಕು. ಮುಚ್ಚಿದ ಫಲಕವನ್ನು ಆಮೇಲೆ ತೆರೆದು ಓದಬಹುದು.

ಇಷ್ಟಕ್ಕೇ ಮನೆಗೆ ಹೋದರೆ ಅದು ಪ್ರವಾಸ. ಅದೇ ದಿನ ಮಧ್ಯಾಹ್ನ ಪ್ರತಿಯೊಬ್ಬರೂ ಕೆಲಸದ ಜಾಗದಲ್ಲಿ ಇನ್ನೂ ಇತ್ಯರ್ಥವಾಗದ ಒಂದು ವಿಷಯ ತೆಗೆದುಕೊಂಡು, ಹಾಳೆಯ ನಡುವೆ ಗೆರೆ ಎಳೆದು, ಎಡಕ್ಕೆ ಕಂಡದ್ದು, ಬಲಕ್ಕೆ ಅನ್ನಿಸಿದ್ದು ಬರೆಯಬೇಕು. ‘ಅಟೆಂಡರ್ ಬೇಜವಾಬ್ದಾರಿ’ ಎಂಬುದು ಬಲಗಡೆ ಹೋಗುತ್ತದೆ. ‘ಈ ತಿಂಗಳು ನಾಲ್ಕು ದಿನ ಹತ್ತೂವರೆಗೆ ಬಂದರು’ ಎಂಬುದು ಎಡಗಡೆ. ಯಾವ ನಾಲ್ಕು ದಿನ ಎಂದು ಹಾಜರಿ ಪುಸ್ತಕ ತೆಗೆದಾಗ ನಾಲ್ಕೂ ಸೋಮವಾರಗಳಾಗಿರಬಹುದು. ಆಗ ಕೇಳಬೇಕಾದ ಪ್ರಶ್ನೆಯೇ ಬೇರೆ. ಬಹಳಷ್ಟು ಹಾಳೆಗಳಲ್ಲಿ ಬಲಗಡೆ ತುಂಬಿ ತುಳುಕುತ್ತದೆ, ಎಡಗಡೆ ಎರಡು ಸಾಲು ಇರುತ್ತದೆ.

ನೋಡುವುದು ಕೈಹತ್ತಿದ ಮೇಲೆ ಎರಡನೇ ಹಂತ ನಾಟಕ. ಬ್ರೆಜಿಲ್‌ನ ರಂಗಕರ್ಮಿ ಅಗಸ್ಟೊ ಬೋಲ್ ರೂಪಿಸಿದ ಫೋರಂ ರಂಗಭೂಮಿಯನ್ನು ಪಶ್ಚಿಮ ಬಂಗಾಳದ ಜನಸಂಸ್ಕೃತಿ ತಂಡ ಹಳ್ಳಿಗಳಿಗೆ ಒಯ್ದಿತು; ದೆಹಲಿಯ ವೈದ್ಯಕೀಯ ವಿದ್ಯಾರ್ಥಿಗಳೂ ಅದನ್ನು ಮಾಡಿದ್ದಾರೆ. ಕೆಲಸದ ಜಾಗದಲ್ಲಿ ನಡೆಯುವಂಥ ಒಂದು ಅನ್ಯಾಯವನ್ನು ಐದಾರು ನಿಮಿಷದಲ್ಲಿ ಆಡಿ, ಪರಿಹಾರವಿಲ್ಲದೆ ನಿಲ್ಲಿಸಬೇಕು. ಮತ್ತೆ ಮೊದಲಿನಿಂದ ಆಡುವಾಗ ನೋಡುಗರಲ್ಲಿ ಯಾರಾದರೂ ‘ನಿಲ್ಲಿಸಿ’ ಎಂದು ಎದ್ದು ಬಂದು, ಅನ್ಯಾಯಕ್ಕೆ ಒಳಗಾದ ಪಾತ್ರದ ಜಾಗದಲ್ಲಿ ನಿಂತು ಬೇರೆ ದಾರಿ ಹಿಡಿಯುತ್ತಾರೆ. ದಬ್ಬಾಳಿಕೆ ಮಾಡುವ ಪಾತ್ರವನ್ನು ಬದಲಿಸುವಂತಿಲ್ಲ. ಅದನ್ನು ಒಳ್ಳೆಯದನ್ನಾಗಿ ಮಾಡಿಬಿಟ್ಟರೆ ಸಮಸ್ಯೆಯೇ ಮಾಯವಾಗುತ್ತದೆ, ಕಲಿಯಲು ಏನೂ ಉಳಿಯುವುದಿಲ್ಲ.

ಎಚ್ಚರಿಕೆ ಎರಡೇ. ಹೆಸರು, ವಿಭಾಗ, ಸಂದರ್ಭ ಬದಲಿಸದೆ ಯಾರದೇ ನಿಜ ಘಟನೆ ಆಡಿಸಬಾರದು. ಆ ಘಟನೆಯ ಮೇಲಧಿಕಾರಿ ಸಭೆಯಲ್ಲೇ ಕೂತಿದ್ದರೆ ಅದನ್ನು ಹೇಳಿಕೊಂಡವರಿಗೆ ಮರುದಿನ ಪೆಟ್ಟು ಬೀಳಬಹುದು. ಮುಖ್ಯಸ್ಥರಿಗೆ ಮುಖ್ಯಸ್ಥರ ಪಾತ್ರ ಕೊಡಬಾರದು, ಕಿರಿಯ ನೌಕರನದೇ ಕೊಡಬೇಕು. ಕೊನೆಗೆ, ನಾಟಕಕ್ಕಾಗಿ ಘಟನೆಗಳನ್ನು ಬರೆದುಕೊಟ್ಟ ಚೀಟಿಗಳಿದ್ದರೆ ಅವನ್ನು ಅಲ್ಲೇ ಹರಿದುಹಾಕಿ, ಗೆರೆ ಎಳೆದ ಹಾಳೆಗಳನ್ನು ಮಾತ್ರ ಅವರವರೇ ಇಟ್ಟುಕೊಂಡು ಮೂರು ತಿಂಗಳ ನಂತರ ಎಡಗಡೆಗೆ ಏನು ಸೇರಿತೆಂದು ಮತ್ತೆ ತೆರೆದು ನೋಡಬೇಕು.