ಮುಂಬಯಿಯಲ್ಲಿ ತಯಾರಾದ ಫಾರಸಿ ಟಾಕಿ

ಇರಾಣ ದೇಶದವರ ನುಡಿ ಫಾರಸಿ. ಆ ನುಡಿಯ ಮೊಟ್ಟಮೊದಲ ಮಾತಿನ ಚಿತ್ರ ತಯಾರಾದದ್ದು ಇರಾಣದಲ್ಲಲ್ಲ, ಮುಂಬಯಿಯಲ್ಲಿ. ಅದರ ಕಥೆ ಬರೆದು, ನಾಯಕನ ಪಾತ್ರವನ್ನೂ ವಹಿಸಿದವರು ಅಬ್ದುಲ್ ಹುಸೇನ್ ಸೆಪಂತಾ ಎಂಬ ಇರಾಣಿ ತರುಣರು.

ಸೆಪಂತಾ ಅವರು 1907ರಲ್ಲಿ ತೆಹರಾನಿನಲ್ಲಿ ಜನಿಸಿದರು. ಮುಂಬಯಿಗೆ ಬಂದದ್ದು ಸಿನೇಮಾದ ಆಸೆಯಿಂದಲ್ಲ. ಪ್ರಾಚೀನ ಇರಾಣದ ಭಾಷೆ, ಸಂಸ್ಕೃತಿಗಳ ಅಭ್ಯಾಸಕ್ಕೆ. ವಿದ್ವಾಂಸರಾದ ದಿನಶಾ ಇರಾಣಿಯವರು ಅವರಿಗೆ ಮಾರ್ಗದರ್ಶಕರಾದರು. ಮುಂದೆ ಇಂಪೀರಿಯಲ್ ಫಿಲ್ಮ್ ಕಂಪನಿಯ ಅರ್ದೇಶೀರ್ ಇರಾಣಿಯವರ ಪರಿಚಯವಾಯಿತು. 1931ರಲ್ಲಿ ‘ಆಲಂ ಆರಾ’ ತೆಗೆದು ಹಿಂದುಸ್ತಾನಕ್ಕೆ ಮೊದಲ ಟಾಕಿ ಕೊಟ್ಟವರು ಇವರೇ.

ಆಗ ಇರಾಣದಲ್ಲಿ ಧ್ವನಿ ಮುದ್ರಿಸುವ ಸ್ಟುಡಿಯೋ ಇರಲಿಲ್ಲ. ಯಂತ್ರ ಮುಂಬಯಿಯದು, ಮಾತು ಫಾರಸಿಯದು. ಹೀಗೆ 1933ರಲ್ಲಿ ‘ದುಖ್ತರ್-ಎ-ಲೋರ್’, ಎಂದರೆ ‘ಲೋರ್ ಕುಲದ ಹುಡುಗಿ’, ಸಿದ್ಧವಾಯಿತು. ನಿರ್ದೇಶಕರು ಅರ್ದೇಶೀರ್ ಇರಾಣಿ. ನಾಯಕಿ ರೂಹಂಗೀಜ್ ಸಾಮಿನೆಜಾದ್. ಈಕೆಯ ಮಾತಿನಲ್ಲಿ ಕೆರ್ಮಾನ್ ಸೀಮೆಯ ಧಾಟಿ ಎದ್ದು ಕೇಳುತ್ತಿತ್ತು. ತೆಹರಾನಿನಲ್ಲಿ ಜನರು ಮುಗಿಬಿದ್ದು ಚಿತ್ರ ನೋಡಿದರು. ಆದರೆ ಹೆಂಗಸು ಪರದೆಯ ಮೇಲೆ ಬಂದಳೆಂದು ಆಕೆಗೆ ನಿಂದೆಯೇ ಗಂಟುಬಿತ್ತು.

ಮುಂದೆ ಸೆಪಂತಾ ಅವರೇ ನಿರ್ದೇಶಕರಾಗಿ ‘ಫಿರ್ದೌಸಿ’, ‘ಶಿರೀನ್ ಫರ್ಹಾದ್’, ‘ಕಪ್ಪು ಕಣ್ಣುಗಳು’ ಎಂಬ ಚಿತ್ರಗಳನ್ನು ತೆಗೆದರು. ಕಲ್ಕತ್ತೆಯಲ್ಲಿ ‘ಲೈಲಾ ಮಜ್ನೂ’ ಮುಗಿಸಿ, ಸ್ವದೇಶದಲ್ಲಿಯೇ ಚಿತ್ರೋದ್ಯಮ ಕಟ್ಟಬೇಕೆಂದು 1936ರಲ್ಲಿ ಇರಾಣಕ್ಕೆ ಮರಳಿದರು. ಅಲ್ಲಿ ಅಧಿಕಾರಿಗಳ ನೆರವು ದೊರೆಯಲಿಲ್ಲ. ಕೊನೆಗೆ ಇಸ್ಫಹಾನ್ ಪಟ್ಟಣದ ಉಣ್ಣೆ ಗಿರಣಿಯಲ್ಲಿ ನೌಕರಿ ಹಿಡಿದರು. ಪರದೇಶದಲ್ಲಿ ತಾಯ್ನುಡಿಯ ಚಿತ್ರಗಳನ್ನು ತೆಗೆದವರಿಗೆ ತಾಯ್ನಾಡಿನಲ್ಲಿ ಅಂಥ ಇನ್ನೊಂದು ಚಿತ್ರ ತೆಗೆಯಲಾಗಲಿಲ್ಲ! ಆದರೂ ಬರವಣಿಗೆ ಬಿಡಲಿಲ್ಲ. 1940ರ ದಶಕದಲ್ಲಿ ತಮ್ಮ ಹೆಸರಿನದೇ ಪತ್ರಿಕೆ ಹೊರಡಿಸಿದರು. 1969ರಲ್ಲಿ ತೀರಿಕೊಂಡರು.

ಕನ್ನಡಿಗರಿಗೆ ಈ ವೃತ್ತಾಂತ ತೀರ ಹೊರಗಿನದಲ್ಲ. ನಮ್ಮ ಮೊದಲ ಟಾಕಿ ‘ಸತಿ ಸುಲೋಚನಾ’ 1934ರಲ್ಲಿ ಬಂದಿತು. ಅದನ್ನೂ ಚಿತ್ರಿಸಿದ್ದು ಕೊಲ್ಹಾಪುರದಲ್ಲಿ. ಕಾರಣ, ಬೇಕಾದ ಸ್ಟುಡಿಯೋ ನಮ್ಮಲ್ಲಿ ಇರಲಿಲ್ಲ. ಹೊಟ್ಟೆಪಾಡಿಗೆ ಊರು ಬಿಟ್ಟವರಿಂದ ನುಡಿಯ ಸೇವೆ ಏನಾದೀತು ಎಂದು ಕೆಲವರು ಕೇಳುವುದುಂಟು. ಸೆಪಂತಾ ಅವರು ಊರು ಬಿಟ್ಟು ಬಂದೇ ಆ ಕೆಲಸ ಮಾಡಿದರು. ಆದರೆ ಅದು ಮುಂದೆ ಸಾಗಬೇಕಾದರೆ ತಾಯ್ನಾಡೂ ಕೈ ನೀಡಬೇಕು ಎಂಬುದನ್ನು ಅವರ ಬಾಳು ತೋರಿಸುತ್ತದೆ.