ಸ್ವಂತ ದುಡಿಮೆಯ ಪುಟ

ಕಥೆ ಬರೆದವನೂ ಕ್ಯಾಮೆರಾ ಹಿಡಿದವನೂ ಸಂಕಲನಕ್ಕೆ ಕುಳಿತವನೂ ಒಬ್ಬನೇ ಎಂದು ತಿಳಿದೊಡನೆ ಜನ ನನ್ನನ್ನು, ಖರ್ಚು ಬಹಳ ಉಳಿಯಿತಲ್ಲವೇ ಎಂದು ಅಭಿನಂದಿಸುವುದುಂಟು. ಸಾಕ್ಷ್ಯಚಿತ್ರಗಳನ್ನು ಮಾಡಿಕೊಂಡು ಬಂದ ಇಷ್ಟು ವರ್ಷಗಳಲ್ಲಿ ಆ ಅಭಿನಂದನೆಯನ್ನು ನಾನು ಸ್ವೀಕರಿಸಿದ್ದೇನೆಯೇ ಹೊರತು ಒಪ್ಪಿದ್ದಿಲ್ಲ. ಛಾಯಾಗ್ರಾಹಕನಿಗೆ ಸಲ್ಲಬೇಕಾಗಿದ್ದ ಸಂಭಾವನೆ ಉಳಿತಾಯವಲ್ಲ, ನಾನು ಹೂಡಿದ ಬಂಡವಾಳ. ಆದುದರಿಂದಲೇ ನನ್ನ ಲೆಕ್ಕದ ಪುಸ್ತಕದಲ್ಲಿ ಹಾರ್ಡ್ ಡಿಸ್ಕು, ಬಸ್ ಚಾರ್ಜು, ಊಟ ತಿಂಡಿಗಳ ಬಾಬ್ತುಗಳಾದ ಮೇಲೆ ‘ಸ್ವಂತ ದುಡಿಮೆ’ ಎಂಬ ಶಿರೋನಾಮೆಯ ಪುಟವೊಂದಿದ್ದು, ಹೊರಗಿನ ಸಂಕಲನಕಾರನನ್ನು ಕರೆಸಿದ್ದರೆ ಆ ದಿನ ಏನು ತೆರಬೇಕಾಗುತ್ತಿತ್ತೋ ಅಷ್ಟನ್ನು, ಪೇಟೆಯ ದರದಲ್ಲಿಯೇ, ಕೆಂಪು ಶಾಯಿಯಲ್ಲಿ ಬರೆದಿಡುತ್ತೇನೆ. (ನನಗೆ ನಾನೇ ಸಾಲಗಾರನಾಗುವ ಈ ವೈಭವ ಮನೆಯವರಿಗೆ ಅಷ್ಟಾಗಿ ರುಚಿಸಿಲ್ಲ.)

ಅಸ್ಸಾಮಿನ ರೀಮಾ ದಾಸ್ ಅವರು ಬರೆದು, ನಿರ್ದೇಶಿಸಿ, ಚಿತ್ರೀಕರಿಸಿ, ಸಂಕಲಿಸಿ, ನಿರ್ಮಾಪಕಿಯೂ ತಾವೇ ಆದ 2017ರ ‘ವಿಲೇಜ್ ರಾಕ್‌ಸ್ಟಾರ್ಸ್’ ಚಿತ್ರವನ್ನು ಈ ದೃಷ್ಟಿಯಿಂದಲೇ ನೋಡಬೇಕು. ಛಯಗಾಂವ್ ಸಮೀಪದ ತಮ್ಮ ಹಳ್ಳಿಯ ಮಕ್ಕಳನ್ನೇ ಪಾತ್ರಗಳಾಗಿಸಿ, ಋತುಗಳು ಬದಲಾಗುವುದನ್ನೂ ನೆರೆ ಏರುವುದನ್ನೂ ಕಾದು, ವರ್ಷಗಟ್ಟಲೆ ಅವರು ಚಿತ್ರಿಸಿದರು. ದಿನಗೂಲಿಯ ತಂಡವನ್ನೂ ಬಾಡಿಗೆಯ ಕ್ಯಾಮೆರಾವನ್ನೂ ಕಟ್ಟಿಕೊಂಡ ನಿರ್ಮಾಪಕನಿಗೆ ಮಳೆಗಾಗಿ ಕಾಯುವ ಶಕ್ತಿ ಎಲ್ಲಿಂದ ಬರಬೇಕು? ಹಲವು ಕೆಲಸಗಳನ್ನು ಒಬ್ಬರೇ ಹೊತ್ತುದರಿಂದ ಅವರು ಕೊಂಡುಕೊಂಡದ್ದು ಕಾಲವನ್ನು. ಹಣ ಕೊಟ್ಟರೂ ಸಿಗದ ಸರಕದು. 2018ರಲ್ಲಿ ಆ ಚಿತ್ರಕ್ಕೆ ಅತ್ಯುತ್ತಮ ಕಥಾಚಿತ್ರವೆಂಬ ರಾಷ್ಟ್ರಪ್ರಶಸ್ತಿ ಸಂದಾಗ ಸಂಕಲನದ ಪ್ರಶಸ್ತಿಯೂ ಅವರಿಗೇ ಬಂದಿತು. ಒಬ್ಬಳೇ ವ್ಯಕ್ತಿಯೊಳಗಿನ ಬೇರೆ ಬೇರೆ ದುಡಿಮೆಗಳನ್ನು ಬೇರೆಬೇರೆಯಾಗಿ ಎಣಿಸಿ ಕೊಟ್ಟ ಆ ಔಚಿತ್ಯವು ನಮ್ಮ ಮಾರುಕಟ್ಟೆಯಲ್ಲಿ ದುರ್ಲಭ.

ತೆರಿಗೆಯ ಶಾಸನವೂ ಇದಕ್ಕೆ ನೆರವಾಗದು. ನಿರ್ದೇಶಕ, ಸಂಕಲನಕಾರ, ಛಾಯಾಗ್ರಾಹಕ, ಕಥೆಗಾರ ಇವರೆಲ್ಲರೂ ಅದರ ಕಣ್ಣಿಗೆ ಚಲನಚಿತ್ರ ಕಲಾವಿದರೆಂಬ ಒಂದೇ ವೃತ್ತಿಯವರು. ವೃತ್ತಿಯ ವಾರ್ಷಿಕ ಗಳಿಕೆ ನಿಗದಿತ ಮಿತಿಯೊಳಗಿದ್ದರೆ ಅದರ ಅರ್ಧವನ್ನೇ ಆದಾಯವೆಂದು ತೋರಿಸುವ ಸೌಲಭ್ಯವುಂಟಾದರೂ, ತನಗೆ ತಾನೇ ಕೊಟ್ಟುಕೊಳ್ಳದ ಕೂಲಿಯನ್ನು ಖರ್ಚೆಂದು ಕಳೆಯುವ ಅವಕಾಶವಿಲ್ಲ.

ಹಾಗಾದರೆ ಆ ಕೆಂಪು ಪುಟದ ಪ್ರಯೋಜನವೇನು? ಪ್ರಸಾರಸಂಸ್ಥೆಯೊಂದು, ನಿಮಗೆ ತಗುಲಿದ ವೆಚ್ಚವೇ ಇಷ್ಟು ಕಡಿಮೆಯಿರುವಾಗ ಬೆಲೆ ಮಾತ್ರ ಹೆಚ್ಚೇಕೆ ಎಂದು ಕೇಳಿ, ಚಿತ್ರದ ಸರ್ವ ಹಕ್ಕುಗಳನ್ನೂ ಶಾಶ್ವತವಾಗಿ ಬರೆಸಿಕೊಳ್ಳಲು ಹೊರಟಾಗ ನಾನು ವಾದಕ್ಕೆ ನಿಲ್ಲದೆ ಅದನ್ನೇ ಮೇಜಿನ ಮೇಲೆ ತೆರೆದಿಟ್ಟೆ. ಬೆಲೆ ಏರಿದ್ದು ಅಲ್ಪವೇ. ಆದರೆ ಕರಾರಿನಲ್ಲಿ ‘ಶಾಶ್ವತ’ ಹೋಗಿ ‘ಐದು ವರ್ಷ’ ಬಂದಿತು, ಮೂಲಪ್ರತಿ ನನ್ನಲ್ಲಿಯೇ ಉಳಿಯಿತು.