ಜರ್ಮನಿಯ ಚೀಸ್ ಶ್ಪೆಟ್ಸ್ಲೆ: ಮನೆಯಲ್ಲೇ ಹದ ಹಿಡಿಯಲು ಹನ್ನೊಂದು ಸೂತ್ರಗಳು

ಹಿಟ್ಟು, ಮೊಟ್ಟೆ, ಚೀಸ್, ಈರುಳ್ಳಿ, ಬೆಣ್ಣೆ. ದಕ್ಷಿಣ ಜರ್ಮನಿಯ ಷ್ವಾಬಿಯ ಪ್ರಾಂತ್ಯದವರು ಈ ಐದರಲ್ಲೇ ಹೊಟ್ಟೆ ತುಂಬುವ ಒಂದು ಊಟ ಮುಗಿಸುತ್ತಾರೆ. ಹೆಸರು ಕೇಸೆಶ್ಪೆಟ್ಸ್ಲೆ. ಆಲ್ಪ್ಸ್ ತಪ್ಪಲಿನ ಆಲ್ಗೊಯ್ ಸೀಮೆಯಲ್ಲಿ ಇದನ್ನೇ ಕೆಸ್‌ಶ್ಪಾಟ್ಸೆನ್ ಅನ್ನುತ್ತಾರೆ. ಕುದಿನೀರಿಗೆ ಬಿಟ್ಟು ಬೇಯಿಸಿದ ಸಣ್ಣ ಸಣ್ಣ ಹಿಟ್ಟಿನ ತುಣುಕುಗಳು, ನಡುವೆ ಕರಗಿದ ಚೀಸ್, ಮೇಲೆ ಕೆಂಪಗೆ ಹುರಿದ ಈರುಳ್ಳಿ. ಜರ್ಮನಿಯಲ್ಲಿ ಚೀಸಿನ ಕಡುಬುಗಳು ಇನ್ನೂ ಇವೆ. ಕ್ವಾರ್ಕ್ ಎಂಬ ಹಸಿ ಚೀಸಿನಿಂದ ಮಾಡುವ ಸಿಹಿ ಉಂಡೆಗಳಂತೂ ಬಹಳ ಚೆನ್ನ. ಆದರೆ ಮೊದಲು ಕಲಿಯಬೇಕಾದ್ದು ಶ್ಪೆಟ್ಸ್ಲೆ ಎಂಬುದು ನನ್ನ ಖಚಿತ ಅಭಿಪ್ರಾಯ.

ಷ್ವಾಬಿಯ ನಮಗೆ ತೀರ ಅಪರಿಚಿತವೇನಲ್ಲ. 1843ರಲ್ಲಿ ‘ಮಂಗಳೂರ ಸಮಾಚಾರ’ ಪತ್ರಿಕೆ ಹೊರಡಿಸಿದ ಹರ್ಮನ್ ಮೊಗ್ಲಿಂಗ್ ಹುಟ್ಟಿದ್ದು ಅಲ್ಲಿನ ಬ್ರಾಕನ್‌ಹೈಮ್ ಎಂಬ ಊರಿನಲ್ಲಿ. ಇಂದು ಬೆಂಗಳೂರಿನ ಎಷ್ಟೋ ಎಂಜಿನಿಯರುಗಳು ಕೆಲಸದ ಮೇಲೆ ಸ್ಟುಟ್‌ಗಾರ್ಟಿಗೆ ಹೋಗಿ ಬರುತ್ತಾರೆ. ಮಾಂಸವಿಲ್ಲದ ಬಿಸಿ ಊಟ ಹುಡುಕುವ ನಮ್ಮವರಿಗೆ ಅಲ್ಲಿ ಬೇಗ ಸಿಗುವುದೇ ಈ ತಿನಿಸು. ಊರಿಗೆ ಮರಳಿದ ಮೇಲೂ ಅದರ ರುಚಿ ಬೇಕೆನಿಸಿದವರಿಗೆ, ಒಮ್ಮೆಯೂ ತಿನ್ನದೆ ಕುತೂಹಲವಷ್ಟೇ ಇರುವವರಿಗೆ ಈ ಸೂತ್ರಗಳು. ಅಳತೆಗಳೆಲ್ಲ ನಾಲ್ಕು ಜನರಿಗೆ.

1. ನೂರು ಗ್ರಾಂ ಹಿಟ್ಟಿಗೆ ಒಂದು ಮೊಟ್ಟೆ

ಷ್ವಾಬಿಯದ ಮನೆಗಳ ಲೆಕ್ಕ ಇದು. 400 ಗ್ರಾಂ ಹಿಟ್ಟು, 4 ಮೊಟ್ಟೆ, ಒಂದು ಚಮಚ ಉಪ್ಪು, 150ರಿಂದ 200 ಮಿಲಿಲೀಟರ್ ನೀರು. ನಮ್ಮ ಅಂಗಡಿಯ ಮೊಟ್ಟೆ ಸಣ್ಣದಿದ್ದರೆ 5 ಹಾಕಿ, ನೀರು ಸ್ವಲ್ಪ ಇಳಿಸಿ. ಶ್ಪೆಟ್ಸ್ಲೆಗೆ ಹಳದಿ ಬಣ್ಣವನ್ನೂ ಕಚ್ಚಿದಾಗ ಸಿಗುವ ಬಿಗಿಯನ್ನೂ ಕೊಡುವುದು ಮೊಟ್ಟೆಯೇ. ಇಲ್ಲಿ ಕೈ ಹಿಡಿದರೆ ತುಣುಕು ಬೆಳ್ಳಗೆ, ಸಪ್ಪಗೆ, ಮೆತ್ತಗೆ ಆಗುತ್ತದೆ.

2. ಮೈದಾಗೆ ಚಿರೋಟಿ ರವೆಯ ಜೊತೆ ಕೊಡಿ

ಜರ್ಮನಿಯಲ್ಲಿ ಶ್ಪೆಟ್ಸ್ಲೆಗೆಂದೇ ಒಂದು ಹಿಟ್ಟು ಮಾರುತ್ತಾರೆ. ಮಾಮೂಲಿ ಗೋಧಿ ಹಿಟ್ಟಿಗಿಂತ ಚೂರು ತರಿ, ರವೆಗಿಂತ ನಯ. ಗಂಟು ಕಟ್ಟದೆ ನೀರು ಹೀರುವುದು ಅದರ ಗುಣ. ನಮ್ಮಲ್ಲಿ ಅದು ಸಿಗದು. 300 ಗ್ರಾಂ ಮೈದಾಗೆ 100 ಗ್ರಾಂ ಚಿರೋಟಿ ರವೆ ಬೆರೆಸಿದರೆ ಅದಕ್ಕೆ ಬಹಳ ಹತ್ತಿರ ಬರುತ್ತದೆ. ಉಪ್ಪಿಟ್ಟಿನ ರವೆ ಬೇಡ, ಬಾಯಿಗೆ ಸಿಗುತ್ತದೆ. ಜಾಯಿಕಾಯಿ ತುರಿದು ಒಂದು ಚಿಟಿಕೆ ಹಾಕಬಹುದು, ಅಲ್ಲಿಯೂ ಹಾಕುತ್ತಾರೆ.

3. ಹಿಟ್ಟನ್ನು ಹೊಡೆಯಿರಿ, ಕೈ ಸೋಲುವ ತನಕ

ಅರ್ಧ ಯಶಸ್ಸು ಇಲ್ಲಿದೆ. ಹಿಟ್ಟಿನ ನಡುವೆ ಗುಳಿ ಮಾಡಿ ಮೊಟ್ಟೆ ಒಡೆದು ಹಾಕಿ, ಉಪ್ಪು ಸೇರಿಸಿ, 100 ಮಿಲಿಲೀಟರ್ ನೀರು ಮಾತ್ರ ಮೊದಲು ಹೊಯ್ಯಿರಿ. ಉಳಿದದ್ದು ಹದ ನೋಡಿಕೊಂಡು. ಮರದ ಸೌಟು ಹಿಡಿದು ಪಾತ್ರೆಯ ತಳದಿಂದ ಮೇಲಕ್ಕೆ ಎತ್ತಿ ಎತ್ತಿ ಬಡಿಯಿರಿ. ಷ್ವಾಬಿಯದವರು ಇದಕ್ಕಾಗಿ ನಡುವೆ ತೂತಿರುವ ಮರದ ಸೌಟು ಇಟ್ಟುಕೊಂಡಿರುತ್ತಾರೆ; ತೂತಿನ ಮೂಲಕ ಹಿಟ್ಟು ನುಗ್ಗುವುದರಿಂದ ಬೇಗ ಹದಕ್ಕೆ ಬರುತ್ತದೆ.

ಎಷ್ಟು ಹೊತ್ತು? ಐದು ನಿಮಿಷಕ್ಕೆ ಕಡಿಮೆಯಿಲ್ಲ, ಹತ್ತಾದರೂ ಅಡ್ಡಿಯಿಲ್ಲ. ಗಡಿಯಾರಕ್ಕಿಂತ ಹಿಟ್ಟನ್ನು ನೋಡಿ. ಮೇಲೆ ಗುಳ್ಳೆ ಏಳಬೇಕು, ಮೈ ಹೊಳೆಯಬೇಕು, ಸೌಟು ಎತ್ತಿದರೆ ತಟಕ್ಕನೆ ಉದುರದೆ ಎಳೆಯಾಗಿ ಎಳೆದುಕೊಂಡು ನಿಧಾನವಾಗಿ ಕಡಿದು ಬೀಳಬೇಕು. ಗೋಳಿಬಜೆ ಹಿಟ್ಟಿನ ಹದ ಗೊತ್ತಿರುವ ಕೈಗೆ ಇದು ತಾನೇ ತಿಳಿಯುತ್ತದೆ. ಬಡಿತದಿಂದ ಹಿಟ್ಟಿನ ಗ್ಲುಟೆನ್ ಬಲೆಯಂತೆ ಹೆಣೆದುಕೊಳ್ಳುತ್ತದೆ, ಒಳಗೆ ಗಾಳಿ ಸೇರುತ್ತದೆ. ಬೆಂದ ತುಣುಕು ಹೊರಗೆ ಒರಟಾಗಿ, ಒಳಗೆ ಹಗುರಾಗಿ ಇರಲು ಕಾರಣ ಇದೇ. ಚೀಸ್ ಅಂಟಿಕೊಳ್ಳುವುದು ಆ ಒರಟು ಮೈಗೆ. ಮಿಕ್ಸಿ ಜಾರಿಗೆ ಮಾತ್ರ ಹಾಕಬೇಡಿ. ಅದರ ಅಲಗು ಹಿಟ್ಟನ್ನು ಬಿಸಿ ಮಾಡಿ ಗೋಂದು ಮಾಡುತ್ತದೆ.

4. ಅರ್ಧ ಗಂಟೆ ಮುಟ್ಟಬೇಡಿ

ಮುಚ್ಚಿ ಇಡಿ. ರವೆ ನೀರು ಹೀರಲಿ, ಹಿಟ್ಟು ಸಡಿಲಗೊಳ್ಳಲಿ. ಆಮೇಲೆ ಗಟ್ಟಿ ಅನಿಸಿದರೆ ಎರಡು ಚಮಚ ನೀರು.

5. ಆ ಅರ್ಧ ಗಂಟೆ ಈರುಳ್ಳಿಯದ್ದು

ಮೂರು ದೊಡ್ಡ ಈರುಳ್ಳಿ. ತೆಳ್ಳಗೆ ಬಿಲ್ಲೆ ಹೆಚ್ಚಿ, ಉಂಗುರ ಬಿಡಿಸಿ, ಎರಡು ಚಮಚ ತುಪ್ಪದಲ್ಲಿ ಸಣ್ಣ ಉರಿಯ ಮೇಲಿಡಿ. ಹೌದು, ತುಪ್ಪ. ಜರ್ಮನರು ಬುಟ್ಟರ್‌ಶ್ಮಾಲ್ಟ್ಸ್ ಎಂಬ ಕಾಯಿಸಿದ ಬೆಣ್ಣೆಯಲ್ಲಿ ಹುರಿಯುತ್ತಾರೆ. ಅದು ಹೆಚ್ಚುಕಡಿಮೆ ನಮ್ಮ ತುಪ್ಪವೇ. ಆಗಾಗ ಕೈಯಾಡಿಸುತ್ತ 25 ನಿಮಿಷವಾದರೂ ಹುರಿಯಿರಿ. ಮೊದಲು ನೀರು ಬಿಡುತ್ತದೆ, ಆಮೇಲೆ ಬಂಗಾರದ ಬಣ್ಣ, ಕೊನೆಗೆ ಕಂದು. ಬಿರಿಯಾನಿಯ ಈರುಳ್ಳಿಯ ಹಾಗೆ ಗರಿಗರಿ ಬೇಕೆನ್ನುವವರು ಚೂರು ಮೈದಾ ಉದುರಿಸಿ ಎಣ್ಣೆಯಲ್ಲಿ ಕರಿಯುವುದೂ ಉಂಟು. ನನಗೆ ನಿಧಾನವಾಗಿ ಹುರಿದದ್ದೇ ಹೆಚ್ಚು. ಅದರ ಸಿಹಿ ಚೀಸಿನ ಉಪ್ಪಿಗೆ ಸರಿಯಾಗಿ ಎದುರು ನಿಲ್ಲುತ್ತದೆ. ಸಕ್ಕರೆ ಹಾಕಿ ಬೇಗ ಕೆಂಪಾಗಿಸುವ ದಾರಿ ಹಿಡಿಯಬೇಡಿ.

6. ಚೀಸಿನ ಆಯ್ಕೆಯಲ್ಲಿ ರಾಜಿ ಬೇಡ

400 ಗ್ರಾಂ ಹಿಟ್ಟಿಗೆ 250ರಿಂದ 300 ಗ್ರಾಂ ಚೀಸ್ ಬೇಕು. ಆಲ್ಗೊಯ್‌ನವರು ಎರಡು ಬಗೆ ಬೆರೆಸುತ್ತಾರೆ: ಎಳೆ ಬಿಡುವುದಕ್ಕೆ ಎಮೆಂಟಾಲ್, ರುಚಿಗೆ ತಿಂಗಳುಗಟ್ಟಲೆ ಮಾಗಿಸಿದ ಬೆರ್ಗ್‌ಕೇಸೆ. ಎಮೆಂಟಾಲ್ ಮಾಡುವ ವಿದ್ಯೆಯನ್ನು ಆ ಸೀಮೆಗೆ ತಂದವರು 19ನೇ ಶತಮಾನದ ಆರಂಭದಲ್ಲಿ ಸ್ವಿಟ್ಜರ್ಲೆಂಡಿನಿಂದ ಬಂದ ಕುಶಲಿಗರು. ಇಂದು ಆಲ್ಗೊಯ್‌ನ ಬೆರ್ಗ್‌ಕೇಸೆಗೆ ಯುರೋಪಿಯನ್ ಒಕ್ಕೂಟದ ಮೂಲಸ್ಥಾನ ರಕ್ಷಣೆ ಇದೆ, 1997ರಿಂದ. ಖಾರವಾದ ವಾಸನೆ ಇಷ್ಟಪಡುವವರು ವೈಸ್‌ಲಾಕರ್ ಎಂಬ ಮೂರನೆಯದನ್ನೂ ಒಂದು ಹಿಡಿ ಸೇರಿಸುತ್ತಾರೆ. 1874ರಲ್ಲಿ ವೆರ್ಟಾಖ್ ಎಂಬ ಹಳ್ಳಿಯಲ್ಲಿ ಕ್ರಾಮರ್ ಸಹೋದರರು ಮಾಡಿದ ಚೀಸ್ ಅದು.

ನಮ್ಮೂರಿನಲ್ಲಿ? ದೊಡ್ಡ ಅಂಗಡಿಗಳಲ್ಲಿ ಎಮೆಂಟಾಲ್, ಗ್ರುಯೆರ್ ಸಿಗುತ್ತವೆ, ಬೆಲೆ ಮಾತ್ರ ಜಾಸ್ತಿ. ಕೈಗೆಟುಕುವ ದಾರಿ ಎಂದರೆ ಅರ್ಧ ಗೌಡಾ, ಅರ್ಧ ಗ್ರುಯೆರ್. ಅದೂ ಆಗದಿದ್ದರೆ ಗೌಡಾದ ಜೊತೆ ಚೆನ್ನಾಗಿ ಮಾಗಿದ ಚೆಡ್ಡಾರ್. ಪಿಜ್ಜಾದ ಮೊಜರೆಲ್ಲ ಎಳೆಯನ್ನೇನೋ ಕೊಡುತ್ತದೆ, ರುಚಿ ಕೊಡುವುದಿಲ್ಲ. ಸ್ಯಾಂಡ್‌ವಿಚ್‌ಗೆ ಹಾಕುವ ಪ್ರೊಸೆಸ್ಡ್ ಸ್ಲೈಸ್ ಬೇಡವೇ ಬೇಡ. ಅದರಲ್ಲಿರುವ ಲವಣಗಳು ಚೀಸನ್ನು ಎಳೆಯಾಗಲು ಬಿಡದೆ ಗಂಜಿ ಮಾಡುತ್ತವೆ.

ಸಸ್ಯಾಹಾರಿಗಳು ಗಮನಿಸಬೇಕಾದ ಮಾತು: ಸಾಂಪ್ರದಾಯಿಕ ಬೆರ್ಗ್‌ಕೇಸೆ, ಗ್ರುಯೆರ್ ಮುಂತಾದವನ್ನು ಹೆಪ್ಪುಗಟ್ಟಿಸುವುದು ಕರುವಿನ ಹೊಟ್ಟೆಯಿಂದ ತೆಗೆದ ರೆನೆಟ್‌ನಿಂದ. ಮೊಟ್ಟೆ ತಿನ್ನುವವರೂ ಇದನ್ನು ಒಪ್ಪದಿರಬಹುದು. ಪೊಟ್ಟಣದ ಮೇಲೆ ‘ಮೈಕ್ರೋಬಿಯಲ್ ರೆನೆಟ್’ ಎಂದಿದೆಯೋ, ಹಸಿರು ಚುಕ್ಕೆ ಇದೆಯೋ ನೋಡಿ ಕೊಳ್ಳಿ. ಜರ್ಮನಿಯಲ್ಲಿ ಹೋಟೆಲಿನಲ್ಲಿ ತಿನ್ನುವಾಗಲೂ ಕೇಳಲು ಸಂಕೋಚ ಬೇಡ.

ಯಾವ ಚೀಸಾದರೂ ಫ್ರಿಜ್ಜಿನಿಂದ ತೆಗೆದ ತಕ್ಷಣ, ಗಟ್ಟಿಯಿರುವಾಗಲೇ ತುರಿದಿಡಿ.

7. ಉಪಕರಣ ಇಲ್ಲವೆಂದು ಕೂರಬೇಡಿ

ಹಳಬರ ಕೈಯಲ್ಲಿ ಇರುವುದು ಒಂದು ಹಲಗೆ, ಒಂದು ಚಪ್ಪಟೆ ಕತ್ತಿ. ಹಲಗೆಯನ್ನು ನೀರಲ್ಲಿ ಅದ್ದಿ, ಎರಡು ಸೌಟು ಹಿಟ್ಟು ತೆಳ್ಳಗೆ ಸವರಿ, ಪಾತ್ರೆಯ ಅಂಚಿಗೆ ಒರಗಿಸಿಕೊಂಡು ಕತ್ತಿಯಿಂದ ಸಣ್ಣ ಸಣ್ಣ ಪಟ್ಟಿಗಳಾಗಿ ನೀರಿಗೆ ಕೆರೆದು ಹಾಕುತ್ತಾರೆ. ಒಂದೊಂದು ತುಣುಕೂ ಬೇರೆ ಬೇರೆ ಆಕಾರ, ಅದೇ ಅದರ ಚೆಂದ. ಕೈ ಪಳಗುವವರೆಗೆ ನಿಧಾನವಾಗಿಯೇ ಮಾಡಿ. ಪ್ರತಿ ಸಲ ಕತ್ತಿಯನ್ನು ಬಿಸಿನೀರಿಗೆ ಅದ್ದಿದರೆ ಹಿಟ್ಟು ಅಂಟುವುದಿಲ್ಲ.

ಇದು ಕಷ್ಟವೆನಿಸಿದರೆ ನಮ್ಮ ಚಕ್ಕುಲಿ ಒರಳೇ ಇದೆ. ದಪ್ಪ ಖಾರಸೇವೆಯ ಬಿಲ್ಲೆ ಹಾಕಿ ನೇರ ಕುದಿನೀರಿಗೆ ಒತ್ತಿ. ಷ್ವಾಬಿಯದ ಶ್ಪೆಟ್ಸ್ಲೆ ಒತ್ತುಗ ಕೆಲಸ ಮಾಡುವುದೂ ಹೀಗೆಯೇ. ತೂತು ದೊಡ್ಡದಿರುವ ಬೂಂದಿ ಜಾಲರಿಯ ಮೇಲೆ ಹಿಟ್ಟು ಸುರಿದು ಸೌಟಿನ ಬೆನ್ನಿನಿಂದ ಉಜ್ಜಿದರೆ ಗುಂಡಿಯಾಕಾರದ ತುಣುಕು ಬೀಳುತ್ತವೆ. ಅವಕ್ಕೆ ಕ್ನ್ಯೋಪ್‌ಫ್ಲೆ ಎಂದು ಹೆಸರು, ಅವೂ ಅಷ್ಟೇ ಸಾಂಪ್ರದಾಯಿಕ. 2012ರಲ್ಲಿ ಯುರೋಪಿಯನ್ ಒಕ್ಕೂಟ ಷ್ವಾಬಿಯದ ಶ್ಪೆಟ್ಸ್ಲೆಗೆ ಭೌಗೋಳಿಕ ಗುರುತು ಕೊಟ್ಟಾಗ ಕ್ನ್ಯೋಪ್‌ಫ್ಲೆಯನ್ನೂ ಜೊತೆಗೇ ನೋಂದಾಯಿಸಿತು.

8. ಅಗಲವಾದ ಪಾತ್ರೆ, ಧಾರಾಳ ನೀರು, ಸಣ್ಣ ಕುದಿ

ಮೂರು ಲೀಟರ್ ನೀರಿಗೆ ಒಂದೂವರೆ ಚಮಚ ಉಪ್ಪು. ಕೊತಕೊತ ಕುದಿದರೆ ತುಣುಕು ಒಡೆಯುತ್ತದೆ. ಕುದಿ ನಿಂತರೆ ತಳಕ್ಕೆ ಅಂಟುತ್ತದೆ. ಮೊದಲು ಒಂದೇ ತುಣುಕು ಹಾಕಿ ಪರೀಕ್ಷಿಸಿ. ಕರಗಿ ಚದುರಿದರೆ ಹಿಟ್ಟಿಗೆ ಇನ್ನೊಂದು ಚಮಚ ಮೈದಾ, ಕಲ್ಲಿನಂತಿದ್ದರೆ ಇನ್ನಷ್ಟು ನೀರು. ಸರಿಯಿದ್ದರೆ ನಾಲ್ಕು ಕಂತಿನಲ್ಲಿ ಬೇಯಿಸಿ. ತೇಲಿ ಬಂದ ಮೇಲೆ ಒಂದು ನಿಮಿಷ ಬಿಟ್ಟು ಜಾಲರಿ ಸೌಟಿನಿಂದ ಬಸಿದು ತೆಗೆಯಿರಿ.

ತಣ್ಣೀರು ಹೊಯ್ಯಬೇಡಿ. ಎತ್ತಿಡುವ ಶ್ಪೆಟ್ಸ್ಲೆಗೆ ಆ ಕ್ರಮ ಸರಿ. ಚೀಸಿನ ಶ್ಪೆಟ್ಸ್ಲೆಗೆ ಬಿಸಿಯೇ ಜೀವ.

9. ಕಂತು ಕಂತಾಗಿ ಪದರ ಕಟ್ಟಿ

ಎಲ್ಲ ಬೇಯಿಸಿ, ಕೊನೆಗೆ ಚೀಸ್ ಸುರಿದು ಕಲಸುವವರೇ ಹೆಚ್ಚು. ಆಗ ಚೀಸ್ ಒಂದು ಕಡೆ ಮುದ್ದೆ, ತುಣುಕು ಇನ್ನೊಂದು ಕಡೆ ಒಣಕಲು. ಹೀಗೆ ಮಾಡಿ: ದಪ್ಪ ತಳದ ಅಗಲ ಬಾಣಲೆಗೆ ಬೆಣ್ಣೆ ಸವರಿ ತೀರ ಸಣ್ಣ ಉರಿಯ ಮೇಲಿಡಿ. ಮೊದಲ ಕಂತಿನ ತುಣುಕು ನೀರಿನಿಂದ ನೇರ ಬಾಣಲೆಗೆ ಬೀಳಲಿ. ಅದರ ಮೇಲೆ ಒಂದು ಹಿಡಿ ಚೀಸ್, ಚೂರು ಕಾಳುಮೆಣಸಿನ ಪುಡಿ. ಎರಡನೇ ಕಂತು, ಮತ್ತೆ ಚೀಸ್. ಹೀಗೆ ಕೊನೆಯವರೆಗೆ. ಪ್ರತಿ ಪದರದ ಬಿಸಿಯೇ ಅದರ ಮೇಲಿನ ಚೀಸನ್ನು ಕರಗಿಸುತ್ತದೆ.

ಬೇಯಿಸಿದ ನೀರನ್ನು ಚೆಲ್ಲಬೇಡಿ. ಕೊನೆಯಲ್ಲಿ ಅದರ ಎರಡು ಮೂರು ಚಮಚ ಬಾಣಲೆಗೆ ಹಾಕಿ ಎರಡು ಸೌಟುಗಳಿಂದ ಮೆಲ್ಲಗೆ ಮೇಲೆ ಕೆಳಗೆ ಮಾಡಿ. ನೀರಿನಲ್ಲಿರುವ ಗಂಜಿ, ಚೀಸಿನ ಕೊಬ್ಬು ಬೇರೆಯಾಗದಂತೆ ಹಿಡಿದಿಡುತ್ತದೆ. ಕ್ರೀಮ್ ಹಾಕುವ ಚಾಳಿ ಈಗ ಜರ್ಮನಿಯಲ್ಲೂ ಕೆಲವೆಡೆ ಇದೆ. ಇಷ್ಟು ಮಾಡಿದರೆ ಅದರ ಅಗತ್ಯವೇ ಬೀಳದು. ಉರಿ ಮಾತ್ರ ಹೆಚ್ಚಿಸಬೇಡಿ. ಕಾವು ಅತಿಯಾದರೆ ಚೀಸಿನ ಪ್ರೋಟೀನ್ ಬಿಗಿದುಕೊಂಡು ಎಣ್ಣೆಯನ್ನು ಹೊರಗೆ ಹಿಂಡುತ್ತದೆ. ಆಮೇಲೆ ಅದನ್ನು ಸರಿಪಡಿಸುವ ಉಪಾಯವಿಲ್ಲ. ಒಲೆಯ ಬದಲು ಓವನ್ ಬಳಸುವುದಾದರೆ 150 ಡಿಗ್ರಿಯಲ್ಲಿ ತಟ್ಟೆ ಬಿಸಿಯಿಟ್ಟು ಅದರಲ್ಲೇ ಪದರ ಕಟ್ಟಿ, ಕೊನೆಗೆ ಐದು ನಿಮಿಷ ಸಾಕು.

ಮೇಲೆ ಈರುಳ್ಳಿ, ಅದು ಹುರಿದ ತುಪ್ಪದ ಸಮೇತ. ಚೈವ್ಸ್ ಸಿಕ್ಕರೆ ಹೆಚ್ಚಿ ಉದುರಿಸಿ; ಸಿಗದಿದ್ದರೆ ಈರುಳ್ಳಿ ಸೊಪ್ಪಿನ ಹಸಿರು ಭಾಗ.

10. ಜೊತೆಗೆ ಹುಳಿ ಇರಲೇಬೇಕು

ಷ್ವಾಬಿಯದಲ್ಲಿ ವಿನೆಗರ್ ಹಾಕಿದ ಹಸಿ ಎಲೆಗಳ ಸಲಾಡ್ ಇಲ್ಲದೆ ಇದನ್ನು ಬಡಿಸುವುದು ಅಪರೂಪ. ಆಲೂಗಡ್ಡೆ ಸಲಾಡ್ ಕೂಡ ಇಡುತ್ತಾರೆ, ಮೇಯನೇಸ್ ಇಲ್ಲದೆ, ಬಿಸಿ ಸಾರು, ವಿನೆಗರ್, ಎಣ್ಣೆ ಬೆರೆಸಿ. ಇಷ್ಟು ಕೊಬ್ಬಿನ ಊಟ ಕೊನೆಯ ತುತ್ತಿನವರೆಗೆ ರುಚಿಸಬೇಕಾದರೆ ನಾಲಿಗೆಯನ್ನು ನಡುನಡುವೆ ತೊಳೆಯುವ ಹುಳಿ ಬೇಕು. ಲೆಟ್ಯೂಸ್, ಸೌತೆಕಾಯಿ, ವಿನೆಗರ್ ಅಥವಾ ನಿಂಬೆರಸ ಸಾಕು.

11. ಉಳಿದದ್ದಕ್ಕೆ ಮೈಕ್ರೋವೇವ್ ಬೇಡ

ಮರುದಿನ ಬಾಣಲೆಗೆ ಚೂರು ಬೆಣ್ಣೆ ಹಾಕಿ, ಉಳಿದದ್ದನ್ನು ಹರಡಿ, ಮುಟ್ಟದೆ ಬಿಡಿ. ತಳ ಹೊಂಬಣ್ಣಕ್ಕೆ ಗರಿಯಾದ ಮೇಲೆ ತಿರುವಿ ಹಾಕಿ. ಆ ಗರಿಗಾಗಿಯೇ ಸ್ವಲ್ಪ ಹೆಚ್ಚು ಮಾಡುವುದು ಒಳ್ಳೆಯದು.

ಕೊನೆಗೊಂದು ಕೋರಿಕೆ. ಮೊದಲ ಸಲ ಹಸಿಮೆಣಸು, ಬೆಳ್ಳುಳ್ಳಿ, ಗರಂ ಮಸಾಲೆ ಯಾವುದನ್ನೂ ಸೇರಿಸದೆ ಮಾಡಿ ನೋಡಿ. ಎಲ್ಲರನ್ನೂ ಮೊದಲೇ ಊಟಕ್ಕೆ ಕೂರಿಸಿ, ಬಾಣಲೆಯನ್ನೇ ನಡುವೆ ಇಟ್ಟು ಬಡಿಸಿ. ಕಾಳುಮೆಣಸು, ಚೀಸ್, ತುಪ್ಪದಲ್ಲಿ ಹುರಿದ ಈರುಳ್ಳಿ ಇಷ್ಟರ ರುಚಿ ನಾಲಿಗೆಗೆ ಗೊತ್ತಾದ ಮೇಲೆ ನಿಮಗೆ ಬೇಕಾದ ಖಾರ ಎರಡನೇ ಸಲ ಹಾಕಿಕೊಳ್ಳಿ.